ಸುಮ್ಮನಿರಬಹುದಾಗಿತ್ತಲ್ಲ!

(ಅಂತಿಮ ಬಿ.ಎ. ತರಗತಿಯ ವಿದ್ಯಾರ್ಥಿನಿ)

ಈ ವರ್ಷ ಒಂದು ಶನಿವಾರ ಮಧ್ಯಾಹ್ನ ನಮ್ಮ ಕಾಲೇಜಿನ ಇತಿಹಾಸ ಸಂಘದವರು ಸಭಾಂಗಣದಲ್ಲಿ ಕೊರಿಯ ದೇಶದ ಚಲಚ್ಚಿತ್ರವೊಂದನ್ನು ಪ್ರದರ್ಶಿಸಿದರು. ಕಿಟಕಿಗಳಿಗೆ ಜಮಖಾನ ಕಟ್ಟಿ ಕತ್ತಲೆ ಮಾಡಿದ್ದಾಯಿತು. ಕೊರಿಯದ ಚಿತ್ರವೆಂದೊಡನೆ ಈಗಿನ ಕಾಲದ ನಮಗೆ ಹಾಡು, ಕುಣಿತ, ಚೆಂದದ ಹುಡುಗರು, ಕಣ್ಣೀರಿನ ಪ್ರೇಮಕಥೆ ಇವೇ ನೆನಪಾಗುತ್ತವೆ. ಆ ಆಸೆಯಿಂದಲೇ ಸಭಾಂಗಣ ತುಂಬಿತ್ತೆಂದರೆ ತಪ್ಪಾಗಲಾರದು. ಆದರೆ ಪರದೆಯ ಮೇಲೆ ಮೂಡಿದ್ದು ಕಪ್ಪು ಬಿಳುಪಿನ ಒಂದು ಸೆರೆಮನೆ. ಹತ್ತು ನಿಮಿಷ ಕಳೆಯುವುದರೊಳಗೆ ಹಿಂದಿನ ಬೆಂಚುಗಳು ಬರಿದಾದವು. ನಾನೂ ಎದ್ದು ಹೋಗುತ್ತಿದ್ದೆ. ಅಷ್ಟರಲ್ಲಿ ನಮ್ಮ ಇತಿಹಾಸದ ಅಧ್ಯಾಪಕರು ಬಂದು ಬಾಗಿಲ ಬಳಿಯಲ್ಲೇ ಕುರ್ಚಿ ಹಾಕಿಕೊಂಡು ಕುಳಿತುಬಿಟ್ಟರು. ಹೀಗೆ, ಎದ್ದು ಹೋಗಲು ಧೈರ್ಯವಿಲ್ಲದ್ದರಿಂದ ಒಂದು ಧೈರ್ಯದ ಕಥೆಯನ್ನು ಪೂರ್ತಿಯಾಗಿ ನೋಡುವ ಭಾಗ್ಯ ನನ್ನದಾಯಿತು.

ಚಿತ್ರ ಮುಗಿದು ಹೊರಗೆ ಬಂದಾಗ ಯಾರೂ ಹೆಚ್ಚು ಮಾತನಾಡಲಿಲ್ಲ. ಗೇಟಿನ ಹತ್ತಿರ ಬಂದ ಮೇಲೆ ನನ್ನ ಗೆಳತಿಯೊಬ್ಬಳು ನಿಟ್ಟುಸಿರು ಬಿಟ್ಟು, "ಪಾಪ ಕಣೇ, ಆ ಹುಡುಗಿ ಸುಮ್ಮನಿರಬಹುದಾಗಿತ್ತಲ್ಲ! ಬಿಡುಗಡೆಗೆ ಎಷ್ಟು ದಿನ ಉಳಿದಿತ್ತು? ತೆಪ್ಪಗೆ ಒಂದು ಮೂಲೆಯಲ್ಲಿ ಕೂತಿದ್ದರೆ ಜೀವವಾದರೂ ಉಳಿಯುತ್ತಿತ್ತು" ಎಂದಳು. ಅವಳು ಹೇಳಿದ್ದು ನಿಷ್ಠುರದಿಂದಲ್ಲ, ಮರುಕದಿಂದ. ಆ ಮಾತಿಗೆ ಅಂದು ನನ್ನಲ್ಲಿ ಉತ್ತರವಿರಲಿಲ್ಲ. ಬಸ್ಸಿನಲ್ಲಿ ಕುಳಿತು ಊರು ತಲಪುವವರೆಗೂ ಅದೇ ಮಾತು ತಲೆಯಲ್ಲಿ ಸುತ್ತುತ್ತಿತ್ತು. ಈ ಲೇಖನ ಆ ಮಾತಿಗೆ ನಾನು ತಡವಾಗಿ ಕೊಡುತ್ತಿರುವ ಉತ್ತರ.

ಚಿತ್ರದ ಹೆಸರು ಕೊರಿಯದ ಭಾಷೆಯಲ್ಲಿ 'ಹಾಂಗೊ'. ಎಂದರೆ ಪ್ರತಿಭಟನೆ, ಎದುರಿಸಿ ನಿಲ್ಲುವುದು. 2019ರ ಫೆಬ್ರುವರಿಯ ಕೊನೆಯಲ್ಲಿ, ಕೊರಿಯದ ಮಾರ್ಚ್ ಒಂದರ ಚಳವಳಿಗೆ ನೂರು ವರ್ಷ ತುಂಬುವ ಹೊತ್ತಿಗೆ ಸರಿಯಾಗಿ ಅದು ತೆರೆಕಂಡಿತು. ನಿರ್ದೇಶಕರು ಜೋ ಮಿನ್-ಹೊ. ಕಥಾನಾಯಕಿ ಯು ಗ್ವಾನ್-ಸುನ್ ಆಗಿ ನಟಿಸಿದವರು ಗೊ ಆ-ಸುಂಗ್. ಇದು ಕಟ್ಟುಕಥೆಯಲ್ಲ. ಯು ಗ್ವಾನ್-ಸುನ್ ನಿಜವಾಗಿ ಬದುಕಿದ್ದವಳು. ಬದುಕಿದ್ದು ಹದಿನೇಳೇ ವರ್ಷ.

ಹಿನ್ನೆಲೆಯನ್ನು ಸ್ವಲ್ಪ ಹೇಳದಿದ್ದರೆ ಓದುಗರಿಗೆ ತೊಡಕಾದೀತು. 1905ರಲ್ಲಿ ಜಪಾನು ಕೊರಿಯವನ್ನು ತನ್ನ ರಕ್ಷಣೆಗೆ ಒಳಪಟ್ಟ ರಾಜ್ಯವೆಂದು ಮಾಡಿಕೊಂಡಿತು. 1910ರಲ್ಲಿ ಆ ಮುಸುಕನ್ನೂ ತೆಗೆದು ನೇರವಾಗಿ ನುಂಗಿಬಿಟ್ಟಿತು. ಗವರ್ನರ್ ಜನರಲ್ಲನ ಆಳ್ವಿಕೆ ಬಂತು. ಸಭೆ ಸೇರುವುದು, ಪತ್ರಿಕೆ ನಡೆಸುವುದು ಕಷ್ಟವಾಯಿತು. ಒಂಬತ್ತು ವರ್ಷ ಕಳೆದ ಮೇಲೆ, 1919ರ ಜನವರಿಯಲ್ಲಿ, ಪದಚ್ಯುತನಾಗಿದ್ದ ಅರಸ ಗೋಜಾಂಗ್ ತೀರಿಕೊಂಡ. ಅವನ ಅಂತ್ಯಕ್ರಿಯೆಗೆಂದು ಹಳ್ಳಿಹಳ್ಳಿಗಳಿಂದ ಜನ ರಾಜಧಾನಿಗೆ ಬಂದು ನೆರೆದಿದ್ದರು. ಆ ಸಮಯವನ್ನು ನೋಡಿ ಮಾರ್ಚ್ ಒಂದನೆಯ ತಾರೀಖು 33 ಮಂದಿ ಮುಖಂಡರು ಸ್ವಾತಂತ್ರ್ಯದ ಘೋಷಣೆಗೆ ಸಹಿ ಹಾಕಿದರು. ನಗರದ ಉದ್ಯಾನವೊಂದರಲ್ಲಿ ಅದನ್ನು ಓದಿದ್ದೇ ತಡ, ಸಾವಿರಾರು ಜನ 'ಮಾನ್ಸೆ' ಎಂದು ಕೂಗುತ್ತ ಬೀದಿಗಿಳಿದರು. ಮಾನ್ಸೆ ಎಂದರೆ ಹತ್ತು ಸಾವಿರ ವರ್ಷ. ನಮ್ಮಲ್ಲಿ 'ಚಿರಾಯುವಾಗಲಿ' ಎನ್ನುವುದಿಲ್ಲವೆ, ಹಾಗೆ. ಅವರ ಕೈಯಲ್ಲಿ ಆಯುಧವಿರಲಿಲ್ಲ. ಬಾವುಟವಿತ್ತು, ಗಂಟಲಿತ್ತು, ಅಷ್ಟೆ.

ಯು ಗ್ವಾನ್-ಸುನ್ ಆಗ ರಾಜಧಾನಿಯ ಇಹ್ವಾ ಎಂಬ ಹೆಣ್ಣುಮಕ್ಕಳ ಶಾಲೆಯಲ್ಲಿ ಓದುತ್ತಿದ್ದಳು. ಅಮೆರಿಕದ ಮಿಷನರಿ ಮಹಿಳೆ ಮೇರಿ ಸ್ಕ್ರಾಂಟನ್ 1886ರಲ್ಲಿ ತೆರೆದ ಶಾಲೆ ಅದು. ಹೊರಗೆ ಹೋಗಕೂಡದೆಂದು ಶಾಲೆಯ ಮುಖ್ಯಸ್ಥೆ ತಡೆದರೂ ಈ ಹುಡುಗಿ ಕೆಲವು ಗೆಳತಿಯರೊಂದಿಗೆ ಗೋಡೆ ಹತ್ತಿ ಹೊರಬಿದ್ದು ಮೆರವಣಿಗೆ ಸೇರಿದಳೆಂದು ಹೇಳುತ್ತಾರೆ. ಮಾರ್ಚ್ ಹತ್ತರಂದು ಸರಕಾರ ಶಾಲೆಗಳನ್ನೇ ಮುಚ್ಚಿಸಿತು. ಶಾಲೆ ಮುಚ್ಚಿದರೆ ಚಳವಳಿ ಅಡಗೀತೆಂಬುದು ಅಧಿಕಾರಿಗಳ ಎಣಿಕೆ. ಆದದ್ದು ಬೇರೆ. ರಜೆಗೆ ಊರಿಗೆ ಹೋದ ಒಬ್ಬೊಬ್ಬ ವಿದ್ಯಾರ್ಥಿಯೂ ಚಳವಳಿಯ ಒಂದೊಂದು ಕಿಡಿಯನ್ನು ಹಳ್ಳಿಗೆ ಕೊಂಡೊಯ್ದ. ಗ್ವಾನ್-ಸುನ್ ಚೊನಾನ್ ಬಳಿಯ ತನ್ನ ಊರಿಗೆ ಬಂದು ಸುತ್ತಮುತ್ತಲಿನ ಹಳ್ಳಿಗಳನ್ನು ಸುತ್ತಿದಳು. ಏಪ್ರಿಲ್ ಒಂದರಂದು ಆವುನೆ ಎಂಬ ಸಂತೆಯಲ್ಲಿ ಸುಮಾರು ಮೂರು ಸಾವಿರ ಜನ ಸೇರಿದರು. ಸಂತೆಯ ದಿನ, ತಕ್ಕಡಿ, ಬುಟ್ಟಿ, ಧಾನ್ಯದ ಚೀಲಗಳ ನಡುವೆ ಬಾವುಟಗಳು ಎದ್ದವು. ಪೊಲೀಸರು ಗುಂಡು ಹಾರಿಸಿದರು. ಸತ್ತವರು 19 ಮಂದಿ. ಅವರಲ್ಲಿ ಆಕೆಯ ತಂದೆಯೂ ಇದ್ದ, ತಾಯಿಯೂ ಇದ್ದಳು.

ಅದೇ ತಿಂಗಳು ಹದಿಮೂರರಂದು ನಮ್ಮ ಅಮೃತಸರದಲ್ಲಿ ಏನಾಯಿತೆಂಬುದನ್ನು ಹೇಳಬೇಕಾಗಿಲ್ಲ. ಆವುನೆ ಸಂತೆಗೂ ಜಲಿಯನ್‌ವಾಲಾ ಬಾಗಿಗೂ ನಡುವೆ ಹನ್ನೆರಡೇ ದಿನ. ಒಬ್ಬರ ಸುದ್ದಿ ಒಬ್ಬರಿಗೆ ತಿಳಿಯುವಂತಿರಲಿಲ್ಲ. ಆಳುವವರು ಬೇರೆ, ಭಾಷೆ ಬೇರೆ. ಆದರೂ ಆ ಬೇಸಿಗೆಯಲ್ಲಿ ಏಷ್ಯದ ಎರಡು ಮೂಲೆಗಳಲ್ಲಿ ಬರಿಗೈಯ ಜನ ಒಂದೇ ಬಗೆಯಾಗಿ ನಿಂತರು, ಒಂದೇ ಬಗೆಯಾಗಿ ಬಿದ್ದರು. ಮುಂದೆ ಜವಾಹರಲಾಲ್ ನೆಹರೂ ಅವರು ಸೆರೆಮನೆಯಿಂದ ಮಗಳಿಗೆ ಬರೆದ ಜಗತ್ತಿನ ಇತಿಹಾಸದ ಪತ್ರಗಳಲ್ಲಿ ಕೊರಿಯದ ಈ ಹೋರಾಟವನ್ನೂ, ಅದರಲ್ಲಿ ಆಗತಾನೆ ಓದು ಮುಗಿಸಿದ ಹೆಣ್ಣುಮಕ್ಕಳು ವಹಿಸಿದ ಪಾತ್ರವನ್ನೂ ನೆನೆದಿದ್ದಾರೆ. ಸೆರೆಯಲ್ಲಿದ್ದವರಿಗೆ ಸೆರೆಯಲ್ಲಿದ್ದವರು ಬೇಗ ನೆನಪಾಗುತ್ತಾರೆಂದು ಕಾಣುತ್ತದೆ.

ಇಷ್ಟು ದೊಡ್ಡ ಕಥೆಯನ್ನು ಕೈಗೆತ್ತಿಕೊಂಡ ನಿರ್ದೇಶಕ ಬೇರೆಯವನಾಗಿದ್ದರೆ ಏನು ಮಾಡುತ್ತಿದ್ದ? ಸಂತೆಯ ಗೋಲೀಬಾರಿಗೆ ಅರ್ಧ ಚಿತ್ರ ಕೊಡುತ್ತಿದ್ದ. ನಾಯಕಿಯ ಬಾಯಲ್ಲಿ ಉದ್ದುದ್ದ ಭಾಷಣ ಹೇಳಿಸುತ್ತಿದ್ದ. ಹಿನ್ನೆಲೆಯಲ್ಲಿ ನಗಾರಿ ಬಾರಿಸುತ್ತಿದ್ದ. ಜೋ ಮಿನ್-ಹೊ ಹಾಗೆ ಮಾಡಲಿಲ್ಲ. ಎಲ್ಲ ಮುಗಿದ ಮೇಲೆ, ತಂದೆತಾಯಿಯರನ್ನು ಕಳೆದುಕೊಂಡ ಮೇಲೆ, ಆಕೆ ಸೊಡೆಮುನ್ ಸೆರೆಮನೆಯ ಬಾಗಿಲಿಗೆ ಬರುತ್ತಾಳಲ್ಲ, ಅಲ್ಲಿಂದ ಚಿತ್ರವನ್ನು ಹಿಡಿದರು. ಸೆರೆಮನೆಯ ಬದುಕೆಲ್ಲ ಕಪ್ಪು ಬಿಳುಪು. ಮನೆ, ಶಾಲೆ, ಸಂತೆ ನೆನಪಾದಾಗ ಮಾತ್ರ ಬಣ್ಣ. ನಮ್ಮ ರೂಢಿಯಲ್ಲಿ ಹಳೆಯದಕ್ಕೆ ಕಪ್ಪು ಬಿಳುಪು, ಇಂದಿನದಕ್ಕೆ ಬಣ್ಣ. ಇಲ್ಲಿ ಅದು ತಲೆಕೆಳಗಾಗಿದೆ. ಸೆರೆಯಲ್ಲಿರುವವಳಿಗೆ ಬಣ್ಣವೆಲ್ಲ ಹಿಂದೆಯೇ ಉಳಿಯಿತೆಂಬುದು ಯಾರೂ ಬಾಯಿಬಿಟ್ಟು ಹೇಳದೆಯೇ ನಮಗೆ ತಿಳಿಯುತ್ತದೆ. ಹಿಂದಿನ ಬೆಂಚಿನ ಮಿತ್ರರು ಯಾವುದನ್ನು ಕಂಡು ಎದ್ದು ಹೋದರೋ ಅದೇ ಈ ಚಿತ್ರದ ಮೊದಲ ಗುಣ.

ಎರಡನೆಯ ಗುಣ ಇನ್ನೂ ದೊಡ್ಡದು. ಈ ಚಿತ್ರ ಒಬ್ಬಳದಲ್ಲ. ಎಂಟನೆಯ ನಂಬರಿನ ಕೋಣೆಯದು. ನಮ್ಮ ಮನೆಗಳ ಅಡುಗೆಮನೆಯಷ್ಟಿರುವ ಆ ಕೋಣೆಯಲ್ಲಿ ಇಪ್ಪತ್ತೈದಕ್ಕೂ ಹೆಚ್ಚು ಹೆಂಗಸರು. ಎಲ್ಲರೂ ಒಟ್ಟಿಗೆ ಮಲಗಲು ಸ್ಥಳವಿಲ್ಲ. ಸರದಿಯ ಮೇಲೆ ನಿದ್ದೆ. ನಿಂತು ನಿಂತು ಕಾಲು ಬಾತುಕೊಳ್ಳದಿರಲೆಂದು ಎಲ್ಲರೂ ಒಬ್ಬರ ಹಿಂದೊಬ್ಬರು ಗಾಣದ ಎತ್ತಿನಂತೆ ಸುತ್ತುತ್ತಿರುತ್ತಾರೆ. ಯಾವ ಚಿತ್ರಹಿಂಸೆಯ ದೃಶ್ಯಕ್ಕಿಂತಲೂ ಈ ಸುತ್ತುವ ದೃಶ್ಯವೇ ನನ್ನ ಮನಸ್ಸಿನಲ್ಲಿ ಹೆಚ್ಚು ಉಳಿದಿದೆ. ಅಲ್ಲಿ ಶಾಲೆಯ ಹುಡುಗಿಯಿದ್ದಾಳೆ, ಬಸುರಿಯಿದ್ದಾಳೆ, ಮಗುವನ್ನು ಕಳೆದುಕೊಂಡ ತಾಯಿಯಿದ್ದಾಳೆ. ಕಿಮ್ ಹ್ಯಾಂಗ್-ಹ್ವಾ ಎಂಬಾಕೆಯಿದ್ದಾಳೆ. ಈಕೆ ಸುವೊನ್ ಊರಿನ ಗೀಸೆಂಗ್. ಎಂದರೆ ಹಾಡು ಕುಣಿತಗಳಿಂದ ಜೀವನ ಮಾಡುವ ವರ್ಗದವಳು. 1919ರ ಮಾರ್ಚ್ 29ರಂದು ಸುಮಾರು ಮೂವತ್ತು ಮಂದಿ ಒಡನಾಡಿ ಗೀಸೆಂಗ್‌ರನ್ನು ಕಟ್ಟಿಕೊಂಡು ಬೀದಿಗೆ ಬಂದು ಮಾನ್ಸೆ ಕೂಗಿದವಳು. ಮರ್ಯಾದಸ್ಥರ ಮನೆಯ ಹುಡುಗಿಯೂ, ಸಮಾಜ ಮರ್ಯಾದೆ ಕೊಡದ ಹೆಣ್ಣೂ ಒಂದೇ ಬಟ್ಟಲಿನ ಅನ್ನ ಹಂಚಿಕೊಳ್ಳುವುದನ್ನು ನೋಡಿದಾಗ ಸ್ವಾತಂತ್ರ್ಯ ಎಂಬ ಮಾತಿಗೆ ಪಠ್ಯಪುಸ್ತಕದಲ್ಲಿಲ್ಲದ ಅರ್ಥ ಹೊಳೆಯುತ್ತದೆ. ಇಮ್ ಮ್ಯೋಂಗ್-ಏ ಎಂಬ ಹೆಂಗಸು ಹೆರಿಗೆಗೆಂದು ಹೊರಗೆ ಹೋಗಿ ಹಸುಗೂಸಿನೊಂದಿಗೆ ಮರಳಿ ಆ ಸೆರೆಗೆ ಬಂದಳು. ಚಳಿಗಾಲದಲ್ಲಿ ಆ ಕೂಸಿನ ಒದ್ದೆ ಬಟ್ಟೆಗಳನ್ನು ಗ್ವಾನ್-ಸುನ್ ತನ್ನ ಮೈಗೆ ಸುತ್ತಿಕೊಂಡು ಒಣಗಿಸುತ್ತಿದ್ದಳೆಂಬ ಮಾತುಂಟು. ಬಾವುಟ ಹಿಡಿದವಳ ಚಿತ್ರ ಎಲ್ಲ ಕಡೆ ಇರುತ್ತದೆ. ಕೂಸಿನ ಬಟ್ಟೆ ಒಣಗಿಸಿದವಳ ಚಿತ್ರವನ್ನು ಯಾರು ಬರೆಯುತ್ತಾರೆ?

ಇನ್ನು ನನ್ನನ್ನು ಈ ಲೇಖನಕ್ಕೆ ದೂಡಿದ ದೃಶ್ಯಕ್ಕೆ ಬರುತ್ತೇನೆ. ಕೋಣೆಯ ಹೆಂಗಸರು ತಮ್ಮತಮ್ಮಲ್ಲಿ ಮಾತನಾಡುತ್ತಿರುತ್ತಾರೆ, ಹಾಡುತ್ತಿರುತ್ತಾರೆ. ಕಾವಲುಗಾರನ ಬೂಟಿನ ಸದ್ದು ಕೇಳಿದೊಡನೆ ಎಲ್ಲರೂ ಗಪ್‌ಚಿಪ್. ಸದ್ದು ದೂರವಾದ ಮೇಲೆ ಮತ್ತೆ ಗುಸುಗುಸು. ಆಗ, ನಾವು ಕಪ್ಪೆಗಳಂತಾಗಿದ್ದೇವಲ್ಲ ಎಂಬ ಮಾತು ಬರುತ್ತದೆ. ಮಳೆಗಾಲದ ರಾತ್ರಿ ಗದ್ದೆಯ ಬದುವಿನ ಮೇಲೆ ನಡೆದವರಿಗೆಲ್ಲ ಈ ಹೋಲಿಕೆ ತಟ್ಟನೆ ಅರ್ಥವಾಗುತ್ತದೆ. ಕಿವಿ ಒಡೆಯುವಂತೆ ವಟಗುಟ್ಟುವ ಕಪ್ಪೆಗಳು ಮನುಷ್ಯನ ಹೆಜ್ಜೆ ಕೇಳಿದೊಡನೆ ಬಾಯಿ ಮುಚ್ಚುತ್ತವೆ. ಹೆಜ್ಜೆ ದಾಟಿದ ಮೇಲೆ ಮತ್ತೆ ಶುರು. ನಾವು ಕಪ್ಪೆಗಳಲ್ಲ ಎನ್ನುತ್ತಾಳೆ ಗ್ವಾನ್-ಸುನ್. ಅದು ಭಾಷಣವಲ್ಲ, ಒಂದು ಸಣ್ಣ ಮಾತು. ಆದರೆ ಆ ಸಣ್ಣ ಮಾತು ಕೋಣೆಯನ್ನೇ ಬದಲಾಯಿಸುತ್ತದೆ.

ಆ ದೃಶ್ಯ ನೋಡುವಾಗ ನನಗೆ ಮೈಯೆಲ್ಲ ಬೆವರಿತು. ಕಾರಣವನ್ನು ಇಲ್ಲಿ ಬರೆಯುವುದಕ್ಕೆ ಸಂಕೋಚವಾಗುತ್ತದೆ. ಆದರೂ ಬರೆಯದಿದ್ದರೆ ಮೇಲೆ ಬರೆದದ್ದೆಲ್ಲ ಬರಿಯ ಚಿತ್ರವಿಮರ್ಶೆಯಾದೀತು.

ಈ ಕಾಲೇಜಿಗೆ ಬರುವ ಮೊದಲು ನಾನು ಬೇರೊಂದು ಊರಿನಲ್ಲಿ ವಿದ್ಯಾರ್ಥಿನಿಯರ ನಿಲಯದಲ್ಲಿದ್ದು ಓದುತ್ತಿದ್ದೆ. ಒಂದು ಮಳೆಗಾಲ ಅಲ್ಲಿಯ ಅಕ್ಕಿಗೆ ಹುಳು ಬಿದ್ದಿತ್ತು. ಅನ್ನದಲ್ಲಿ ಬಿಳಿಯ ಹುಳು, ಸಾರಿನ ಮೇಲೆ ತೇಲುವ ನುಸಿ. ರಾತ್ರಿ ಕೋಣೆಯಲ್ಲಿ ನಾವು ಮಾಡದ ಟೀಕೆಯಿಲ್ಲ. ಹಿರಿಯಳೆಂದು ನಾನೇ ಎಲ್ಲರಿಗಿಂತ ಹೆಚ್ಚು ಮಾತನಾಡಿದ್ದೆ. ಮೇಲ್ವಿಚಾರಕಿಯ ಚಪ್ಪಲಿಯ ಸದ್ದು ವರಾಂಡದಲ್ಲಿ ಕೇಳಿದರೆ ಸಾಕು, ದೀಪ ಆರಿಸಿ ಹೊದಿಕೆ ಎಳೆದುಕೊಳ್ಳುತ್ತಿದ್ದೆವು. ಒಂದು ಮಧ್ಯಾಹ್ನ, ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ತಟ್ಟೆಯನ್ನು ಎತ್ತಿಕೊಂಡು ಹೋಗಿ ಮೇಲ್ವಿಚಾರಕಿಯ ಮುಂದೆ ಇಟ್ಟು, "ಇದನ್ನು ಹೇಗೆ ಉಣ್ಣುವುದು ಮೇಡಂ?" ಎಂದು ಕೇಳಿಬಿಟ್ಟಳು. ಊಟದ ಮನೆಯಲ್ಲಿ ಸೂಜಿ ಬಿದ್ದರೂ ಕೇಳಿಸುವಷ್ಟು ಮೌನ. ಅವರು ನಮ್ಮೆಲ್ಲರ ಕಡೆ ತಿರುಗಿ, "ಇನ್ನು ಯಾರಿಗೆ ಈ ಅನ್ನ ಸೇರುವುದಿಲ್ಲ? ಎದ್ದು ನಿಲ್ಲಿ" ಎಂದರು. ಯಾರೂ ಏಳಲಿಲ್ಲ. ಆ ಹುಡುಗಿ ನನ್ನ ಕಡೆ ನೋಡಿ, "ಅಕ್ಕಾ, ನೀವೂ ಹೇಳಿದ್ದಿರಲ್ಲ?" ಎಂದಳು. ನಾನು ತಟ್ಟೆ ನೋಡುತ್ತ ಕುಳಿತೆ.

ಶಿಸ್ತು ಮೀರಿದಳೆಂದು ಮರುದಿನ ಅವಳ ತಂದೆಯನ್ನು ಕರೆಸಿದರು. ಅವರು ಅಷ್ಟು ದೂರದಿಂದ ಬಂದು ಕೈಮುಗಿದು ನಿಂತಿದ್ದನ್ನು ನಾನು ಕಿಟಕಿಯಿಂದ ಕಂಡೆ. ಅವಳು ತನ್ನ ತಗಡಿನ ಪೆಟ್ಟಿಗೆ ಹೊತ್ತು ಹೊರಟಳು, ಮತ್ತೆ ಬರಲಿಲ್ಲ. ಮುಂದಿನ ತಿಂಗಳು ಅಕ್ಕಿ ಬದಲಾಯಿತು. ಒಳ್ಳೆಯ ಅಕ್ಕಿ. ಅದನ್ನು ನಾವೆಲ್ಲ ಎರಡು ಹೊತ್ತೂ ಉಂಡೆವು.

ನನ್ನ ಗೆಳತಿ ಗೇಟಿನ ಬಳಿ ಹೇಳಿದ ಮಾತಿಗೆ ಈ ಅನ್ನವೇ ಉತ್ತರವೆಂದು ಈಗ ತೋರುತ್ತದೆ. ಒಬ್ಬಳು ಸುಮ್ಮನಿರಬಹುದಾಗಿತ್ತು ನಿಜ. ಸುಮ್ಮನಿದ್ದವರು ಅನೇಕರಿದ್ದರು, ಅವರೆಲ್ಲ ಉಳಿದರು. ಆದರೆ ಸುಮ್ಮನಿರದವರ ಪಾಲಿನದನ್ನೂ ಸುಮ್ಮನಿದ್ದವರೇ ಉಣ್ಣುತ್ತಾರೆ. ಸೆರೆಮನೆಯ ಹಿಂಸೆಯನ್ನೂ ಹಾಸ್ಟೆಲಿನ ಅನ್ನವನ್ನೂ ಒಂದೇ ತಕ್ಕಡಿಯಲ್ಲಿ ತೂಗುವಷ್ಟು ಅವಿವೇಕಿ ನಾನಲ್ಲ. ಒಂದು ಸಮುದ್ರ, ಇನ್ನೊಂದು ಬೊಗಸೆ ನೀರು. ಆದರೆ ಬೊಗಸೆ ನೀರಿನಲ್ಲಿ ಮುಳುಗಿದವಳಿಗೆ ಸಮುದ್ರದ ಆಳವನ್ನು ಕುರಿತು ಪ್ರಶಸ್ತಿಯ ಭಾಷಣ ಮಾಡುವ ಹಕ್ಕು ಎಲ್ಲಿಂದ ಬಂತು? ಹುತಾತ್ಮರನ್ನು ಕುರಿತ ಚರ್ಚಾಸ್ಪರ್ಧೆಯಲ್ಲಿ ನಾನು ಒಂದು ಬಹುಮಾನವನ್ನು ಗಳಿಸಿದ್ದೇನೆ. ಆ ಬಟ್ಟಲನ್ನು ಈಗ ಬೀರುವಿನೊಳಗೆ ಇಟ್ಟಿದ್ದೇನೆ.

ಗೆಳತಿಯ ಲೆಕ್ಕಾಚಾರವನ್ನೂ ಒಮ್ಮೆ ನೋಡೋಣ. ಗ್ವಾನ್-ಸುನ್‌ಗೆ ಮೊದಲು ಗೊಂಗ್ಜು ನ್ಯಾಯಾಲಯ ವಿಧಿಸಿದ್ದು ಐದು ವರ್ಷ. ಮೇಲಿನ ನ್ಯಾಯಾಲಯ ಅದನ್ನು ಮೂರಕ್ಕೆ ಇಳಿಸಿತು. ಇನ್ನೂ ಮೇಲಕ್ಕೆ ಹೋಗಲು ಆಕೆ ಒಪ್ಪಲಿಲ್ಲ. ತನ್ನ ನಾಡಿನಲ್ಲಿ ತನ್ನನ್ನು ವಿಚಾರಿಸಲು ಪರರಾಜ್ಯದವರಿಗೆ ಅಧಿಕಾರವಿಲ್ಲವೆಂಬುದೇ ಆಕೆಯ ವಾದವಾಗಿದ್ದಾಗ ಅವರ ಬಾಗಿಲಿಗೆ ಮತ್ತೆ ಹೋಗುವುದೇಕೆ? 1920ರ ಮಾರ್ಚ್ ಒಂದರಂದು, ಚಳವಳಿಗೆ ವರ್ಷ ತುಂಬಿದ ದಿನ, ಸೆರೆಮನೆಯೊಳಗೆ ಮಾನ್ಸೆಯ ಕೂಗು ಎದ್ದಿತು. ಅದಕ್ಕೆ ಆಕೆ ಮುಂದಾಳಾದಳು. ಒಂದು ಕೋಣೆಯ ಕೂಗು ಮತ್ತೊಂದಕ್ಕೆ ಹರಡಿತು. ಅದಕ್ಕೆ ತೆತ್ತ ಬೆಲೆ ಘೋರವಾದ ಹಿಂಸೆ. ಅದೇ ಏಪ್ರಿಲಿನಲ್ಲಿ ಕೊರಿಯದ ರಾಜಕುಮಾರನಿಗೂ ಜಪಾನಿನ ರಾಜಮನೆತನದ ಕನ್ಯೆಗೂ ನಡೆದ ವಿವಾಹದ ಸಂಬಂಧದಲ್ಲಿ ಕೈದಿಗಳ ಶಿಕ್ಷೆ ಕಡಿಮೆಯಾಗಿ, ಆಕೆಯದು ಒಂದೂವರೆ ವರ್ಷವಾಯಿತು. ಆದರೆ ದೇಹ ಅಷ್ಟು ಹೊತ್ತಿಗೆ ನುಚ್ಚುನೂರಾಗಿತ್ತು. 1920ರ ಸೆಪ್ಟೆಂಬರ್ 28ರಂದು ಆಕೆ ಸೆರೆಯಲ್ಲೇ ತೀರಿಕೊಂಡಳು. ಬಿಡುಗಡೆಗೆ ಎರಡೇ ದಿನ ಉಳಿದಿತ್ತೆಂದು ಸಾಮಾನ್ಯವಾಗಿ ಹೇಳುತ್ತಾರೆ. ಇಹ್ವಾ ಶಾಲೆಯವರು ದೇಹವನ್ನು ಕೇಳಿ ಪಡೆದು ಇಟೇವೊನಿನ ಸ್ಮಶಾನದಲ್ಲಿ ಮಣ್ಣು ಮಾಡಿದರು. ಆ ಸ್ಮಶಾನವೂ ಮುಂದೆ ಅಳಿದು, ಸಮಾಧಿಯ ಗುರುತೇ ಇಲ್ಲವಾಯಿತು.

ಲೆಕ್ಕ ನೋಡಿದರೆ ನಷ್ಟವೇ ಹೌದು. ತಂದೆಯಿಲ್ಲ, ತಾಯಿಯಿಲ್ಲ, ಅಣ್ಣ ಸೆರೆಯಲ್ಲಿ, ಕೊನೆಗೆ ಸಮಾಧಿಯೂ ಇಲ್ಲ. ಆಕೆ ಸತ್ತ ಮೇಲೆ ಕೊರಿಯ ಬಿಡುಗಡೆಯಾಗಲು ಇನ್ನೂ ಇಪ್ಪತ್ತೈದು ವರ್ಷ ಬೇಕಾಯಿತು. 1945ರಲ್ಲಿ ಅವರಿಗೆ ಬಿಡುಗಡೆ ಬಂದದ್ದು ನಮ್ಮ ಸ್ವಾತಂತ್ರ್ಯದ ದಿನವಾದ ಆಗಸ್ಟ್ 15ರಂದೇ; ಬಂದೊಡನೆ ದೇಶ ಎರಡು ಹೋಳಾಯಿತು, ಯುದ್ಧವಾಯಿತು. 1953ರಲ್ಲಿ ಆ ಯುದ್ಧದ ಸೆರೆಯಾಳುಗಳನ್ನು ಹಿಂದಿರುಗಿಸುವ ತಟಸ್ಥ ರಾಷ್ಟ್ರಗಳ ಆಯೋಗದ ಅಧ್ಯಕ್ಷರಾಗಿ ಹೋದವರು ನಮ್ಮ ಕೊಡಗಿನ ಜನರಲ್ ತಿಮ್ಮಯ್ಯನವರು. ಇಷ್ಟೆಲ್ಲ ಆಗಬೇಕಾಗಿದ್ದ ನಾಡಿಗೆ ಒಬ್ಬ ಹುಡುಗಿಯ ಕೂಗಿನಿಂದ ಏನಾಯಿತು ಎಂದು ಕೇಳಬಹುದು.

ಆದದ್ದು ಇಷ್ಟು. ನೀನು ಕಪ್ಪೆ ಎಂದು ಆಳುವವನು ಹೇಳುತ್ತಾನೆ. ಅದನ್ನು ಒಪ್ಪಿಕೊಂಡ ದಿನವೇ ಅವನ ಆಳ್ವಿಕೆ ನಿಜವಾಗಿ ನೆಲೆಗೊಳ್ಳುತ್ತದೆ. ಸೈನ್ಯ ಬಂದ ದಿನವಲ್ಲ. ಕೋಣೆಯಲ್ಲಿ ಒಬ್ಬಳು 'ಅಲ್ಲ' ಎಂದರೆ, ಉಳಿದವರಿಗೆ ತಾವು ಏನೆಂಬುದು ಒಮ್ಮೆ ನೆನಪಾಗುತ್ತದೆ. ಚಿತ್ರದಲ್ಲಿ ಆಕೆಯನ್ನು ಒಬ್ಬರು ಕೇಳುತ್ತಾರೆ: ಇಷ್ಟೆಲ್ಲ ಏಕೆ ಮಾಡುತ್ತೀಯೆ ಎಂದು. ಮತ್ತಾರು ಮಾಡಬೇಕು ಎಂಬುದೇ ಆಕೆಯ ಮರುಪ್ರಶ್ನೆ. ಆ ಪ್ರಶ್ನೆಯಲ್ಲಿ ಗರ್ವವಿಲ್ಲ. ನಮ್ಮ ಹಳ್ಳಿಗಳಲ್ಲಿ ಬೆಳಗಾಗೆದ್ದು ಬಾವಿಗೆ ಹೊರಡುವ ಹೆಂಗಸನ್ನು ನೀನೇ ಏಕೆ ನೀರು ತರಬೇಕೆಂದು ಕೇಳಿದರೆ ಅವಳು ಹೇಳುವ ಉತ್ತರವೂ ಅದೇ.

ಇಲ್ಲಿ ಒಂದು ಎಚ್ಚರಿಕೆಯ ಮಾತು. ಇಂಥ ಚಿತ್ರ ನೋಡಿದವರು ಜಪಾನಿನವರನ್ನೆಲ್ಲ ದ್ವೇಷಿಸಲು ಕಲಿತರೆ ಚಿತ್ರದ ಅರ್ಧ ಪಾಠ ತಪ್ಪಿತೆಂದೇ ಹೇಳಬೇಕು. ಚಿತ್ರದಲ್ಲಿ ಗ್ವಾನ್-ಸುನ್‌ಳನ್ನು ಕಾಡುವವರಲ್ಲಿ ನಿಷಿದ ಎಂಬವನೊಬ್ಬನಿದ್ದಾನೆ. ಹೆಸರು ಜಪಾನಿನದು, ಹುಟ್ಟಿನಿಂದ ಅವನು ಕೊರಿಯದವನು. ಹೆಸರನ್ನು ಬದಲಿಸಿಕೊಂಡವನಿಗೆ ಹಳೆಯ ಹೆಸರಿನವರನ್ನು ಕಂಡರೆ ಒಡೆಯನಿಗಿಂತಲೂ ಹೆಚ್ಚು ಸಿಟ್ಟು. ಇತ್ತ ಇತಿಹಾಸದಲ್ಲಿ, 1919ರ ಮೇ ತಿಂಗಳಲ್ಲಿ, ಯಾನಗಿ ಮುನೆಯೊಶಿ ಎಂಬ ಜಪಾನೀ ಕಲಾಚಿಂತಕ ಟೋಕಿಯೋದ ಪತ್ರಿಕೆಯಲ್ಲಿ ಕೊರಿಯದವರ ಪರವಾಗಿ ಮರುಕದಿಂದ ಬರೆದರು. ಫುಸೆ ತಾತ್ಸುಜಿ ಎಂಬ ಜಪಾನೀ ವಕೀಲರು ಕೊರಿಯದ ಹೋರಾಟಗಾರರ ಪರ ನ್ಯಾಯಾಲಯದಲ್ಲಿ ನಿಂತರು. 2004ರಲ್ಲಿ ದಕ್ಷಿಣ ಕೊರಿಯ ಸರಕಾರ ಅವರಿಗೆ ಮರಣೋತ್ತರವಾಗಿ ರಾಷ್ಟ್ರಗೌರವ ಕೊಟ್ಟಿತು. ಗೆರೆ ಎಳೆಯಬೇಕಾದದ್ದು ಎರಡು ದೇಶಗಳ ನಡುವೆಯಲ್ಲ. ಬೂಟಿನ ಸದ್ದಿಗೆ ಬಾಯಿ ಮುಚ್ಚುವವರ ಮತ್ತು ಮುಚ್ಚದವರ ನಡುವೆ. ಎರಡು ಬಗೆಯವರೂ ಎಲ್ಲ ದೇಶಗಳಲ್ಲಿಯೂ ಇದ್ದಾರೆ.

ಚಿತ್ರದಲ್ಲಿ ಕೊರತೆಯಿಲ್ಲವೆಂದಲ್ಲ. ಕೊರಿಯದ ಇತಿಹಾಸ ಗೊತ್ತಿಲ್ಲದವರಿಗೆ ಮೊದಲ ಅರ್ಧಗಂಟೆ ಕತ್ತಲೆಯಲ್ಲಿ ತಡವರಿಸಿದಂತಾಗುತ್ತದೆ. ಮಾರ್ಚ್ ಒಂದು ಎಂದರೇನು, ಜನ ಏಕೆ ಎದ್ದರು ಎಂಬುದನ್ನು ಚಿತ್ರ ಹೇಳುವುದಿಲ್ಲ. ತನ್ನ ಪ್ರೇಕ್ಷಕರಿಗೆ ಅದೆಲ್ಲ ಗೊತ್ತೆಂದು ನಂಬುತ್ತದೆ. ಆ ಚಳವಳಿಯಲ್ಲಿ ಎಷ್ಟು ಜನ ಸತ್ತರೆಂಬುದರಲ್ಲಿಯೇ ಆಳಿದವರ ಲೆಕ್ಕ 553 ಎಂದೂ, ಕೊರಿಯದ ಇತಿಹಾಸಕಾರ ಪಾಕ್ ಉನ್-ಸಿಕ್ ಅವರ ಲೆಕ್ಕ 7,509 ಎಂದೂ ಇದೆ. ಈ ಎರಡು ಅಂಕಿಗಳ ನಡುವಿನ ಕಂದಕದಲ್ಲಿ ಎಷ್ಟು ಸಾವಿರ ಮನೆಗಳ ಅಳು ಹೂತುಹೋಗಿದೆಯೋ! ಅದರ ಸುಳಿವು ಚಿತ್ರದಲ್ಲಿ ಸಿಕ್ಕುವುದಿಲ್ಲ. ಎಂಟನೆಯ ಕೋಣೆಯ ಉಳಿದ ಹೆಂಗಸರ ಕಥೆಗಳೂ ಅರ್ಧಕ್ಕೇ ನಿಲ್ಲುತ್ತವೆ; ಕಿಮ್ ಹ್ಯಾಂಗ್-ಹ್ವಾಳನ್ನು ಕುರಿತು ಇನ್ನಷ್ಟು ತಿಳಿಯಬೇಕೆಂಬ ಆಸೆಯಿಂದಲೇ ನಾನು ಹೊರಗೆ ಬಂದೆ. ಇತಿಹಾಸ ಸಂಘದವರಲ್ಲಿ ಒಂದು ವಿನಂತಿ: ಮುಂದೆ ಇಂಥ ಚಿತ್ರ ತೋರಿಸುವಾಗ ಅಧ್ಯಾಪಕರೊಬ್ಬರು ಹತ್ತು ನಿಮಿಷ ಹಿನ್ನೆಲೆ ಹೇಳಿ ದೀಪ ಆರಿಸಲಿ. ಹಿಂದಿನ ಬೆಂಚುಗಳು ಅಷ್ಟು ಬೇಗ ಬರಿದಾಗಲಾರವು.

ಚಿತ್ರ ಮಾಡಿದ ಉಪಕಾರ ಇನ್ನೊಂದುಂಟು. ಹುತಾತ್ಮರಾದವರು ಸತ್ತ ಮೇಲೆ ಬೇಗ ಕಲ್ಲಾಗುತ್ತಾರೆ. ಯು ಗ್ವಾನ್-ಸುನ್‌ಳನ್ನು ಕುರಿತು ಕೊರಿಯದಲ್ಲಿ 1948ರಲ್ಲಿಯೇ ಚಲಚ್ಚಿತ್ರ ಬಂದಿತ್ತು, ಆಮೇಲೂ ಬಂದವು. 1962ರಲ್ಲಿ ಸರಕಾರ ಮೂರನೆಯ ದರ್ಜೆಯ ಪದಕ ಕೊಟ್ಟಿತು. 2019ರಲ್ಲಿ ಅದು ಸಾಲದೆಂದು ಮೊದಲನೆಯ ದರ್ಜೆಯದನ್ನು ಕೊಟ್ಟಿತು. ಪ್ರತಿಮೆಗಳಿವೆ, ಪಾಠಗಳಿವೆ. ನಮ್ಮಲ್ಲೂ ಹೀಗೆಯೇ. ವರ್ಷಕ್ಕೊಮ್ಮೆ ಹಾರ, ಪರೀಕ್ಷೆಯಲ್ಲಿ ಎರಡು ಅಂಕದ ಪ್ರಶ್ನೆ. ಅಲ್ಲಿಗೆ ನಮ್ಮ ಋಣ ತೀರಿತು. ಕಲ್ಲಾದವರನ್ನು ಪೂಜಿಸುವುದು ಸುಲಭ. ಅವರು ನಮ್ಮನ್ನು ಏನೂ ಕೇಳುವುದಿಲ್ಲ. ಈ ಚಿತ್ರ ಆಕೆಯನ್ನು ಪೀಠದಿಂದ ಇಳಿಸಿ, ಬಾತುಕೊಂಡ ಮುಖದ, ಹಸಿದ, ಹೆದರಿದ, ಒಮ್ಮೊಮ್ಮೆ ನಗುವ ಹದಿನೇಳರ ಹುಡುಗಿಯನ್ನಾಗಿ ಮಾಡಿ ನಮ್ಮ ನಡುವೆ ಕೂರಿಸುತ್ತದೆ. ಆಗ ಆಕೆ ಕೇಳಲು ಆರಂಭಿಸುತ್ತಾಳೆ. ಸೆರೆಮನೆಯ ದಾಖಲೆಯಲ್ಲಿರುವ ಆಕೆಯ ನಿಜವಾದ ಭಾವಚಿತ್ರವನ್ನು ನಾನು ಆಮೇಲೆ ನೋಡಿದೆ. ಮುಖ ಊದಿಕೊಂಡಿದೆ. ಕಣ್ಣು ಮಾತ್ರ ನೇರವಾಗಿ ನಮ್ಮನ್ನೇ ನೋಡುತ್ತಿದೆ.

ಆಕೆಯ ದೇಶದ ಮಕ್ಕಳು ಬಹುಕಾಲ ಆಕೆಯನ್ನು ಕರೆದದ್ದು ದೇವಿಯೆಂದಲ್ಲ, ವೀರಾಂಗನೆಯೆಂದಲ್ಲ; 'ಗ್ವಾನ್-ಸುನ್ ಅಕ್ಕ' ಎಂದು. ಇದನ್ನು ಓದಿದಾಗ ನಾನು ಪುಸ್ತಕ ಮುಚ್ಚಿಟ್ಟೆ. ಅಕ್ಕ ಎಂದು ನನ್ನನ್ನೂ ಒಬ್ಬಳು ಕರೆದಿದ್ದಳಲ್ಲ!

ಆ ಹುಡುಗಿ ಈಗ ಎಲ್ಲಿದ್ದಾಳೆಂದು ವಿಚಾರಿಸಿ ನೋಡಿದೆ. ನನ್ನ ಹಳೆಯ ಸಹಪಾಠಿಯೊಬ್ಬಳಿಂದ ಊರಿನ ಹೆಸರು ಸಿಕ್ಕಿದೆ. ಬೇಸಿಗೆಯ ರಜೆಯಲ್ಲಿ ಹೋಗಬೇಕೆಂದಿದ್ದೇನೆ. ಹೋಗಿ ಏನು ಹೇಳಬೇಕೆಂಬುದು ಇನ್ನೂ ಹೊಳೆದಿಲ್ಲ. ಅಂದು ಊಟದ ಮನೆಯಲ್ಲಿ ಏಳದಿದ್ದವಳು ಇಷ್ಟು ವರ್ಷದ ಮೇಲೆ ಎದ್ದು ನಿಂತರೆ ಹೋದ ಓದು ಮರಳಿ ಬರುವುದಿಲ್ಲ. ಅದು ನನಗೆ ಗೊತ್ತು. ಆದರೂ ಹೋಗುತ್ತೇನೆ.

ವಿದ್ಯಾರ್ಥಿ ಮಿತ್ರರೆ, ನಮಗೆ ಯಾರೂ ಸೆರೆಮನೆಯ ಬಾಗಿಲು ತೆರೆದಿಟ್ಟಿಲ್ಲ. ಹಾಗೆ ತೆರೆಯದಂತೆ ನಮ್ಮ ಹಿಂದಿನವರು ನಮಗಾಗಿ ಕೂಗಿ ಮುಗಿಸಿದ್ದಾರೆ. ನಮ್ಮ ಪಾಲಿಗೆ ಉಳಿದಿರುವುದು ಊಟದ ಮನೆ, ತರಗತಿಯ ಕೋಣೆ, ಬಸ್ಸಿನ ಸೀಟು, ಕಚೇರಿಯ ಕಿಟಕಿ ಇಂಥ ಸಣ್ಣ ಜಾಗಗಳು ಮಾತ್ರ. ಅಲ್ಲಿಯೂ ಒಮ್ಮೊಮ್ಮೆ ಹೆಜ್ಜೆಯ ಸದ್ದು ಕೇಳುತ್ತದೆ. ಮುಂದಿನ ಮಳೆಗಾಲದಲ್ಲಿ ಕಪ್ಪೆಗಳು ಕೂಗಿ ತಟ್ಟನೆ ನಿಂತಾಗ, ಈ ಲೇಖನವಲ್ಲದಿದ್ದರೂ ಆ ಎಂಟನೆಯ ನಂಬರಿನ ಕೋಣೆ ನಿಮಗೆ ನೆನಪಾಗಲಿ.